ಮೂಕಪ್ಪನ ಹಳ್ಳ

ಸತ್ತ ಅಪ್ಪನ ಮೂಗಿನ ಹೊಳ್ಳೆಗಳಿಗೆ ಅರಳೆ ತುಂಬಿದ ತಿಪ್ಪವ್ವನ ಕೈ ಅವನ ಕಿವಿಯ ಹತ್ತಿರ ಬಂದು ನಿಂತುಬಿಟ್ಟಿತು.

"ತುಂಬು ಮತ್ತ, ಹೊತ್ತಾಗಾಕ ಹತ್ತೈತಿ," ಎಂದಳು ಹುಚ್ಚವ್ವ. ಸತ್ತವನ ತಂಗಿ ಅವಳು, ತಿಪ್ಪವ್ವನ ಸೋದರತ್ತೆ. ಬೆರಳುಗಳ ನಡುವೆ ಇನ್ನೊಂದು ಅರಳೆಯುಂಡೆ ಹೊಸೆಯುತ್ತ ಕೂತಿದ್ದಳು.

"ಕಿವಿಗೂ ತುಂಬಬೇಕೇನತ್ತಿ?"

"ಊರಾಗ ಎಲ್ಲಾರಿಗೂ ತುಂಬೂದು. ನಿಮ್ಮಪ್ಪಗೊಬ್ಬಂಗ ಬ್ಯಾರೆ ಐತೇನ? ಬದುಕಿದ್ದಾಗ ಕೇಳಿದ್ದು ಸಾಲದೇನವ್ವಾ ಅವಗ?"

ಬಾಗಿಲಾಚೆ ಹೆಣ ಹೊರುವ ಸಿದಿಗೆ ಕಟ್ಟುತ್ತಿದ್ದ ಗಂಡಸರಲ್ಲಿ ಒಬ್ಬಿಬ್ಬರು ನಕ್ಕರು. ಎಪ್ಪತ್ತು ದಾಟಿದ ಮುದುಕ, ನಿದ್ದೆಯಲ್ಲೇ ಹೋದವನು. ಇಂಥ ಸಾವಿನಲ್ಲಿ ಒಂದಿಷ್ಟು ನಗುವಿಗೆ ಜಾಗವಿರುತ್ತದೆ. ಪಕ್ಕದ ಮನೆಯ ಮರ್ದಾನಸಾಬ ಬಿದಿರಿಗೆ ಹಗ್ಗ ಸುತ್ತುತ್ತ, "ಬಿಗೀ ಕಟ್ಟ್ರಪಾ. ಹಳ್ಳಕ್ಕ ಇಳಿದ ಕೂಡ್ಲೆ ಎದ್ದು ಕುಂತು 'ತಡೀರೋ, ನೀರ್ ಬಂತು' ಅಂದಗಿಂದಾನು," ಎಂದ. ಮೂಕಪ್ಪ ಬದುಕಿದ್ದಾಗಲೂ ಅವನ ಮುಂದೆಯೇ ಇದನ್ನು ಹೇಳುತ್ತಿದ್ದವನು ಮರ್ದಾನಸಾಬ. ಹೇಳಿ, ಅವನ ಜೊತೆಯೇ ಕೂತು ಚಹಾ ಕುಡಿಯುತ್ತಿದ್ದವನೂ ಅವನೇ. ಈಗ ಹೇಳಿ ಮುಗಿಸಿ ಟವೆಲಿನಿಂದ ಕಣ್ಣೊರೆಸಿಕೊಂಡ.

ತಿಪ್ಪವ್ವ ಕಿವಿಗೆ ಅರಳೆ ಇಟ್ಟಳು. ಒತ್ತಲಿಲ್ಲ.

ಹಮ್ಮಿಗಿಯಲ್ಲಿ ಇವರ ಮನೆತನದವರ ಮಣ್ಣು ಆಗುವುದು ಹಳ್ಳದಾಚೆ. ಹೊಳೆ ಊರಿನ ಒಂದು ಮಗ್ಗುಲಿಗೆ, ಹಳ್ಳ ಇನ್ನೊಂದು ಮಗ್ಗುಲಿಗೆ. ಹೊಳೆಗೆ ಯಾರೂ ಅಷ್ಟು ಅಂಜುವುದಿಲ್ಲ. ಅದು ಏರುವುದಾದರೆ ಎಲ್ಲರ ಕಣ್ಣೆದುರಿಗೆ, ಮೆಟ್ಟಿಲು ಮೆಟ್ಟಿಲಾಗಿ ಏರುತ್ತದೆ. ಹಳ್ಳ ಹಾಗಲ್ಲ. ವರ್ಷದ ಬಹುಪಾಲು ಅದು ಬರೀ ಮರಳು, ಕಲ್ಲು, ಆಡು ಮೇಯುವ ಹಸಿರು. ದೂರದ ಕಪ್ಪತಗುಡ್ಡದ ಮೇಲೆ ಮಳೆ ಸುರಿದರೆ ಇಲ್ಲಿ ಬಿಸಿಲು ಕಾಯುತ್ತಿರುವಾಗಲೇ ನೀರು ಗೋಡೆಯಂತೆ ಬರುತ್ತದೆ. ಬಂದರೆ ಬಂತು, ಎರಡು ಮೂರು ವರ್ಷ ಬಾರದೆಯೂ ಇರುತ್ತದೆ.

ಮೂಕಪ್ಪ ಆಯುಷ್ಯವೆಲ್ಲ ಮಂದಿಯ ಹೊಲ ಕಾದವನು. ಜೋಳ ಹಾಲುಗಾಳು ಕಟ್ಟಿದಾಗಿನಿಂದ ಒಕ್ಕುವ ತನಕ ಅಟ್ಟಣಿಗೆಯ ಮೇಲೆ ಕೂತು ಕವಣೆ ಬೀಸುವುದು ಅವನ ಕೆಲಸ. ಹಕ್ಕಿಯ ರೆಕ್ಕೆಯ ಸದ್ದು, ಹಂದಿ ದಂಟು ಮುರಿಯುವ ಸದ್ದು ಅವನಿಗೆ ಗೊತ್ತಿದ್ದದ್ದು ಹೊಟ್ಟೆಪಾಡಿಗೆ. ಆದರೆ ಅವನು ನಿಜವಾಗಿ ಕಿವಿಗೊಟ್ಟು ಕೂತದ್ದು ಹಳ್ಳಕ್ಕೆ. ಅವನು ಹೇಳಿದ್ದು ಕೆಲವೊಮ್ಮೆ ನಿಜವಾಗಿತ್ತು. ಆಗದೆ ಹೋದದ್ದೇ ಹೆಚ್ಚು ಇರಬೇಕು. ಊರು ನೆನಪಿಟ್ಟುಕೊಂಡದ್ದಂತೂ ಅದನ್ನೇ.

*

ದೊಡ್ಡ ಬರದ ಮರುವರ್ಷ, ಅಂದಾನಪ್ಪನ ಮಗಳ ಮದುವೆಯ ಗಾಡಿಗಳು ಹಳ್ಳದ ದಂಡೆಗೆ ಬಂದಿದ್ದವು. ಅಂದಾನಪ್ಪ ಮೂಕಪ್ಪನ ಚಿಕ್ಕಪ್ಪನ ಮಗ. ಬೀಗರ ಊರು ಹಳ್ಳದಾಚೆ. ಮೊದಲ ಗಾಡಿಯ ಎತ್ತುಗಳು ಕಾಲಿಡುವಷ್ಟರಲ್ಲಿ ಮೂಕಪ್ಪ ಹೊಲದಿಂದ ಓಡಿ ಬಂದು ನೊಗ ಹಿಡಿದುಕೊಂಡ.

"ಇಳಿಸಬ್ಯಾಡೋ ಅಂದಾನಿ. ಸಪ್ಪಳ ಐತಿ."

"ಏನ್ ಸಪ್ಪಳ? ಬಿಸಲು ನೋಡು ಹೆಂಗ ಬಿದ್ದೈತಿ."

"ನೆಲದಾಗ ಐತಿ. ಒಂದ್ ಗಳಿಗಿ ತಡಿ. ಕೂಸು ಕುಂತೈತಿ ಗಾಡ್ಯಾಗ."

ಮದುಮಗಳು ಕುಂತಿದ್ದಾಳೆ ಎಂಬ ಮಾತಿಗೆ ಹೆಂಗಸರು ಅಂಜಿದರು. ಅಂದಾನಪ್ಪನೂ ಅಂಜಿದ. ಒಂದು ಗಳಿಗೆ ಎಂದದ್ದು ಬೆಳೆಯುತ್ತ ಹೋಯಿತು. ಎತ್ತುಗಳು ಸಗಣಿ ಹಾಕಿ ಮಲಗಿದವು. ಅಕ್ಕಿಕಾಳಿನ ಮುಹೂರ್ತದ ಹೊತ್ತು ಮೀರಿತು. ನೀರು ಬರಲಿಲ್ಲ, ಅಂದೂ ಬರಲಿಲ್ಲ, ಮರುದಿನವೂ ಬರಲಿಲ್ಲ. ಹೊತ್ತು ಮೀರಿಸಿ ಬಂದವಳು ಎಂಬ ಮಾತು ಆ ಹುಡುಗಿಗೆ ಗಂಡನ ಮನೆಯಲ್ಲಿ ಇವತ್ತಿಗೂ ತಪ್ಪಿಲ್ಲ. ಮೂಕಪ್ಪ ಅಂದಿನಿಂದ ನೀರ ಮೂಕಪ್ಪನಾದ. ಹುಡುಗರು ಅವನನ್ನು ಕಂಡರೆ ಅಂಗೈಯನ್ನು ಕಿವಿಗೆ ಹಚ್ಚಿಕೊಂಡು ನಿಲ್ಲುತ್ತಿದ್ದರು. ಅಂದಾನಪ್ಪ ಅವನ ಮನೆಯ ಹೊಸ್ತಿಲು ತುಳಿಯಲಿಲ್ಲ.

ಗಾಡಿ ತಡೆದ ದಿನ ಸಂಜೆ ತಿಪ್ಪವ್ವ ಕೇಳಿದ್ದಳು: "ಖರೇನ ಕೇಳಿಸಿತ್ತೇನ ಯಪ್ಪಾ?"

ಮೂಕಪ್ಪ ಕವಣೆಯ ಹಗ್ಗ ಸುತ್ತಿಟ್ಟ. "ಕೇಳಿಸಿತ್ತೋ, ಅಂಜಿದ್ನೋ, ಯಾಂವ ಬಲ್ಲ? ನನಗ ಎರಡೂ ಒಂದ ಥರಾ ಕೇಳಸ್ತಾವ," ಎಂದ.

*

ಸಾವು ಹೊಸ್ತಿಲ ಹಟವನ್ನು ಮುರಿಯುತ್ತದೆ. ಇಂದು ಬೆಳಿಗ್ಗೆ ಮೊದಲು ಬಂದವನೇ ಅಂದಾನಪ್ಪ. ಮನೆತನಕ್ಕೆ ಈಗ ಅವನೇ ಹಿರಿಯ. ಹಲಗಿಯವರಿಗೆ ಹೇಳಿ ಕಳಿಸಿದ್ದು, ಕುಣಿ ತೋಡಲು ಹುಲಗಪ್ಪನನ್ನು ಹಳ್ಳದಾಚೆ ಅಟ್ಟಿದ್ದು ಅವನೇ. ಮೂಕಪ್ಪನಿಗೆ ಗಂಡುಮಕ್ಕಳಿಲ್ಲ. ತಿಪ್ಪವ್ವನ ಗಂಡ ಫಕೀರಪ್ಪ ಶಿರಹಟ್ಟಿ ಕಡೆಯವನು, ಮನೆ ಅಳಿಯನಾಗಿ ಬಂದವನು. ಸಿದಿಗೆಗೆ ಮುಂದಿನ ಹೆಗಲು ಅವನದೇ ಎಂದು ಅಂದಾನಪ್ಪ ತೀರ್ಮಾನಿಸಿದ. ಇನ್ನೊಂದು ಹೆಗಲು ಮರ್ದಾನಸಾಬನದು. ಹಿಂದೆ ಅಂದಾನಪ್ಪನ ಇಬ್ಬರು ತಮ್ಮಂದಿರು.

ಎಂಬತ್ನಾಲ್ಕನೆಯ ಇಸವಿ, ಉತ್ತರಿ ಮಳೆಯ ದಿನಗಳು. ಊರ ಮೇಲೆ ಬಿಸಿಲಿತ್ತು. ಚುರುಮುರಿ ತೂರುತ್ತ, ಹಲಗಿ ಬಡಿಯುತ್ತ ಹೆಣ ಹೊರಟಿತು. ಹಲಗಿಯ ಹಿಂದೆ ಗಂಡಸರು, ಅವರ ಹಿಂದೆ ಹಾಡಿ ಅಳುವ ಹೆಂಗಸರು.

"ಹೊಲಾ ಕಾಯ್ದೆಪ್ಪೋ, ಹಕ್ಕಿ ಕಾಯ್ದೆಪ್ಪೋ, ಈಗ್ಯಾರ ಕಾಯ್ತಾರೋ ನನ್ನಣ್ಣಾ," ಎಂದು ಹುಚ್ಚವ್ವ ಎದೆ ಬಡಿದುಕೊಂಡು ಹಾಡಿದಳು. ಉಳಿದವರು ಕೂಡಿಕೊಂಡರು. ತಿಪ್ಪವ್ವನಿಗೆ ಅಳು ಬರಲಿಲ್ಲ. ಬಾಯಿಗೆ ಸೆರಗು ಒತ್ತಿಕೊಂಡು ನಡೆದಳು. ಅಳದ ಮಗಳನ್ನು ನೋಡಿ ಮಂದಿ ಏನೆಂದುಕೊಳ್ಳುತ್ತಾರೋ ಎಂದು ಒಂದು ಕಡೆ ಅಂಜಿಕೆ. ಇನ್ನೊಂದು ಅಂಜಿಕೆ ಯಾವುದೆಂದು ಅವಳಿಗೇ ತಿಳಿಯಲಿಲ್ಲ.

ಹೆಂಗಸರು ಹಳ್ಳದ ದಂಡೆಯ ತನಕ ಮಾತ್ರ. ಅಲ್ಲಿಂದ ಮುಂದೆ ಗಂಡಸರು. ಹಳ್ಳದ ನಟ್ಟನಡುವೆ ಒಂದು ಚಪ್ಪಟೆ ಬಂಡೆಯಿದೆ. ಹೆಣವನ್ನು ಅದರ ಮೇಲೆ ಒಮ್ಮೆ ಇಳಿಸಬೇಕು. ಹಲಗಿ ನಿಲ್ಲಿಸಿ, ಹೆಗಲು ಬದಲಿಸಿ, ಸತ್ತವನ ಹೆಸರು ಹಿಡಿದು ಮೂರು ಸಲ ಕರೆದು ಮುಂದೆ ಸಾಗಬೇಕು. ತಲೆತಲಾಂತರದಿಂದ ನಡೆದು ಬಂದದ್ದು. ಒಂದು ಸಲ ಎತ್ತಿದ ಹೆಣ ಊರ ಕಡೆಗೆ ಮುಖ ಮಾಡಬಾರದು ಎಂಬುದೂ ಹಾಗೆಯೇ.

ಗಂಡಸರು ಮರಳಿಗೆ ಇಳಿದರು. ಬಂಡೆಯ ಮೇಲೆ ಸಿದಿಗೆ ಇಳಿಯಿತು. ಹಲಗಿ ನಿಂತಿತು.

ಹಲಗಿ ನಿಂತರೂ ತಿಪ್ಪವ್ವನ ಹಿಮ್ಮಡಿಯಲ್ಲಿ ಏನೋ ನಿಲ್ಲಲಿಲ್ಲ.

*

ಕಡೆಯ ವರ್ಷಗಳಲ್ಲಿ ಮೂಕಪ್ಪನ ಕಿವಿ ಹೋಗಿತ್ತು. ಊರಿಗೆ ಇದು ದೊಡ್ಡ ನಗೆಯ ಮಾತಾಯಿತು. ಅವನಿಗೆ ಊಟ ನಿದ್ದೆ ಹೋಯಿತು. ಮಳೆಗಾಲದ ಸಂಜೆ ಮಗಳ ಸೆರಗು ಜಗ್ಗಿ ಕೇಳುತ್ತಿದ್ದ.

"ತಿಪ್ಪವ್ವಾ, ಏನರ ಸಪ್ಪಳ ಐತೇನ?"

"ಏನಿಲ್ಲ ಯಪ್ಪಾ, ಮಕ್ಕೋ."

"ಗಾಡಿ ಸಪ್ಪಳದಂಗ? ದೂರ, ಸಾಲಾಗಿ ಗಾಡಿ ಬಂದಂಗ?"

ಆಗಲೇ ಒಮ್ಮೆ ಅವನು ಹೇಳಿದ್ದು. ಎಳೆಯವನಿದ್ದಾಗ ಅಣ್ಣನ ಜೊತೆ ಎಮ್ಮೆ ಹೊಡೆದುಕೊಂಡು ಹಳ್ಳಕ್ಕೆ ಬಂದಿದ್ದನಂತೆ. ಅಣ್ಣ ದಂಡೆಯಲ್ಲಿ ನಿಂತು, ಅದೇನೋ ಸದ್ದು ಎಂದು ಕೇಳಿದ. ಮೂಕಪ್ಪ, ಸಂತೆಗೆ ಹೋಗುವ ಗಾಡಿ, ಇಳಿ ಎಂದ. ಅಣ್ಣ ಇಳಿದ. ಎಮ್ಮೆಗಳು ಮಾತ್ರ ಇಳಿಯಲಿಲ್ಲ. "ಎಮ್ಮಿಗೆ ಗೊತ್ತಾತು, ನನಗ ಆಗ್ಲಿಲ್ಲ ನೋಡು," ಎಂದು ಮುದುಕ ನಕ್ಕಂತೆ ಮಾಡಿದ್ದ.

ದಿನಾ ಕೇಳುವವನಿಗೆ ದಿನಾ ಏನಿಲ್ಲ ಎನ್ನುವುದು ತಿಪ್ಪವ್ವನಿಗೆ ರೂಢಿಯಾಯಿತು. ಅವಳು ಕಿವಿಗೊಡದೆಯೇ ಹೇಳುತ್ತಿದ್ದಳು. ಹೋದ ವರ್ಷ ಒಂದು ಸಂಜೆ ಹಾಗೆಯೇ ಹೇಳಿದಳು. ಬೆಳಿಗ್ಗೆ ಮೂಕಪ್ಪ ಕೋಲು ಊರಿಕೊಂಡು ದಂಡೆಗೆ ಹೋಗಿ ನೋಡಿದ. ಜಾಲಿಗಿಡಗಳ ಕೊರಳತನಕ ಕಸ, ನೊರೆಯ ಗುರುತು. ಹಳ್ಳ ಬಂದು ಹೋಗಿತ್ತು. ಯಾರಿಗೂ ಏನೂ ಆಗಿರಲಿಲ್ಲ. ಅವನು ಮಗಳನ್ನು ಬೈಯಲಿಲ್ಲ. ಆದರೆ ಅಂದಿನಿಂದ ಅವಳನ್ನು ಕೇಳುವುದು ಬಿಟ್ಟ. ಸಂಜೆಯಾದರೆ ಗೋಡೆಗೆ ಒರಗಿ ಎರಡೂ ಅಂಗೈಗಳನ್ನು ನೆಲದ ಮೇಲೆ ಊರಿ ಕೂರುತ್ತಿದ್ದ. ಅಡುಗೆ ಮಾಡುತ್ತ ಅವಳು ಆ ಕೈಗಳನ್ನು ನೋಡದಂತೆ ಬೆನ್ನು ತಿರುಗಿಸುತ್ತಿದ್ದಳು.

*

ಹಿಮ್ಮಡಿಯಲ್ಲಿ ಜುಮುಜುಮು ಎನ್ನುತ್ತಿತ್ತು. ಬರಿಗಾಲಲ್ಲಿ ನಡೆದದ್ದಕ್ಕೋ, ಬೆಳಗಿನಿಂದ ಹೊಟ್ಟೆಗೆ ಏನೂ ಇಲ್ಲದ್ದಕ್ಕೋ. ಹಳ್ಳ ಹರಿದು ಬರುವ ಮೇಲ್ದಿಕ್ಕಿನ ಜೊಂಡಿನಲ್ಲಿ ಕೂತಿದ್ದ ಬೆಳ್ಳಕ್ಕಿಗಳು ಎದ್ದವು. ಹಲಗಿಗೆ ಬೆದರಿ ಎದ್ದಿರಬಹುದು. ಹಲಗಿ ಊರಿನಿಂದಲೇ ಬಡಿಯುತ್ತಿತ್ತಲ್ಲ, ಈಗ ನಿಂತ ಮೇಲೆ ಯಾಕೆ ಎದ್ದವು? ತಿಪ್ಪವ್ವ ಸೆರಗು ತೆಗೆದಳು.

"ಬರ್ರೋ ಹಿಂದಕ್ಕ! ಮ್ಯಾಲೆ ಬರ್ರೋ!"

ಗಂಡಸರು ಯಾರೂ ತಿರುಗಲಿಲ್ಲ. ದಂಡೆಯ ಮೇಲೆ ಹೆಂಗಸರು ಕೂಗುವುದು ಇದ್ದದ್ದೇ, ಹೆಣ ದೂರವಾಗುವಾಗ ಮಗಳು ಕೂಗಿಯೇ ಕೂಗುತ್ತಾಳೆ. ಹುಚ್ಚವ್ವ ಅವಳನ್ನು ಹಿಂದಿನಿಂದ ತಬ್ಬಿ ಹಿಡಿದಳು. "ಅಳವ್ವಾ ಅಳು. ಮುಂಜಾನಿಯಿಂದ ಕಲ್ಲಾಗಿದ್ದಿ. ಅತ್ತು ಹಗುರ ಆಗು."

"ಬಿಡತ್ತೀ, ನೀರ್ ಬರ್ತೈತಿ!"

"ಬರ್ಲವ್ವಾ, ಕಣ್ಣೀರು ಬರ್ಲಿ," ಎಂದಳು ಇನ್ನೊಬ್ಬ ಮುದುಕಿ, ಅವಳ ರಟ್ಟೆ ಹಿಡಿದು.

ತಿಪ್ಪವ್ವ ಅತ್ತೆಯ ಕೈ ಕಚ್ಚಿದಳು. ಹುಚ್ಚವ್ವ ಹಾ ಎಂದು ಬಿಟ್ಟ ಕೂಡಲೇ ಹಳ್ಳಕ್ಕೆ ಜಾರಿದಳು. ಹೆಂಗಸು ಇಳಿಯಬಾರದ ಮರಳಿನಲ್ಲಿ ಓಡುತ್ತ ಬಂಡೆಯ ಹತ್ತಿರ ಬಂದಾಗ ಅಂದಾನಪ್ಪ ಮೂರನೆಯ ಸಲ ಮೂಕಪ್ಪನ ಹೆಸರು ಕರೆಯುತ್ತಿದ್ದ.

"ಏ, ನೀ ಯಾಕ ಇಳಿದಿ ಇಲ್ಲಿ?"

ಅವಳು ಗಂಡನ ಕಡೆ ತಿರುಗಿದಳು. "ದಂಡಿಗೆ ನಡೀರಿ. ಸಪ್ಪಳ ಐತಿ."

"ಖರೇನ?" ಎಂದ ಫಕೀರಪ್ಪ.

ಖರೆ ಎಂದುಬಿಟ್ಟಿದ್ದರೆ ಸುಲಭವಿತ್ತು. ಅವಳ ಬಾಯಿಗೆ ಅದು ಬರಲಿಲ್ಲ. "ಗೊತ್ತಿಲ್ರಿ. ಅಂಜಿಕಿ ಆಗಾಕ ಹತ್ತೈತಿ."

"ಮೂಕಪ್ಪ ಹೆಣಾ ಆದ್ರೂ ದಾಟಗೊಡವಲ್ಲ," ಎಂದ ಮರ್ದಾನಸಾಬ. ಆದರೆ ಅವನ ಕಣ್ಣು ಮೇಲ್ದಿಕ್ಕಿಗೆ ಹೋಯಿತು.

ಅಂದಾನಪ್ಪನ ಮುಖ ಕೆಂಪಾಗಿತ್ತು. "ನಿಮ್ಮಪ್ಪ ನನ್ನ ಮಗಳ ಅಕ್ಕಿಕಾಳಿನ ಹೊತ್ತು ಕೆಡಿಸಿದ. ನೀ ಅವನ ಮಣ್ಣಿನ ಹೊತ್ತು ಕೆಡಸ್ತೀ ಏನ? ಎತ್ತಿದ ಹೆಣ ಹಿಂದಕ್ಕ ತಂದ್ರ ಊರಿಗೆ ಕೇಡು. ಮನಿತನಾ ಅನ್ನೂದು ಇಟ್ಟಿಯೋ ಇಲ್ಲೋ? ಎತ್ತ್ರೋ, ಮುಂದಕ್ಕ ನಡೀರಿ!"

ನಾಲ್ವರೂ ಎತ್ತಿದರು. ಎತ್ತಿದ ಫಕೀರಪ್ಪ ಹೆಂಡತಿಯ ಮುಖ ನೋಡಿದ. ಇಷ್ಟು ವರ್ಷ ಮನೆ ಅಳಿಯ ಎಂದು ಊರ ಎದುರು ಒಂದು ಮಾತನ್ನೂ ಎತ್ತರಿಸದವನು, ಊರ ದಂಡೆಯ ಕಡೆಗೆ ತಿರುಗಿ ಹೆಜ್ಜೆ ಹಾಕಿದ. ಮುಂದಿನವನು ತಿರುಗಿದ ಮೇಲೆ ಉಳಿದ ಹೆಗಲುಗಳು ತಿರುಗಲೇಬೇಕು, ಇಲ್ಲವಾದರೆ ಹೆಣ ಬೀಳುತ್ತದೆ. ಬೈಯುತ್ತ, ಎಡವುತ್ತ ಎಲ್ಲರೂ ಅವನ ಹಿಂದೆ ದಂಡೆ ಹತ್ತಿದರು.

ನೀರು ಬರಲಿಲ್ಲ.

ಸಿದಿಗೆಯನ್ನು ಜಾಲಿಯ ನೆರಳಲ್ಲಿ ಇಟ್ಟರು. ಹೆಂಗಸರು ಅಳು ನಿಲ್ಲಿಸಿ ಗುಸುಗುಸು ಮಾಡಿದರು. ಹುಚ್ಚವ್ವ ಕಚ್ಚಿದ ಕೈಯನ್ನು ಎಲ್ಲರಿಗೂ ತೋರಿಸಿದಳು. ಬಿಸಿಲು ಹಾಗೇ ಇತ್ತು. ಬೆಳ್ಳಕ್ಕಿಗಳು ತಿರುಗಿ ಬಂದು ಅದೇ ಜೊಂಡಿನಲ್ಲಿ ಕೂತವು. ತಿಪ್ಪವ್ವ ಅವನ್ನೇ ನೋಡಿದಳು. ನೀರು ಬರಲಿ ಎಂದುಕೊಂಡಳು. ಒಂದಿಷ್ಟಾದರೂ ಬರಲಿ. ಅಂದುಕೊಂಡದ್ದು ಏನೆಂದು ತಿಳಿದು ಬಾಯಿಗೆ ಮತ್ತೆ ಸೆರಗು ಒತ್ತಿಕೊಂಡಳು. ಅಪ್ಪ ಅಂದು ಮದುವೆಯ ಗಾಡಿಗಳ ಮುಂದೆ ನಿಂತು ಇದನ್ನೇ ಬೇಡಿಕೊಂಡಿದ್ದನೇ?

"ಎಲ್ಲಿ ನೀರು?" ಎಂದ ಅಂದಾನಪ್ಪ. "ತೋರ್ಸು. ಆತು, ಏಳ್ರಿ, ಎತ್ತ್ರಿ."

ಯಾರೂ ಎತ್ತಲಿಲ್ಲ. ಒಬ್ಬ ಬೀಡಿ ಹಚ್ಚಿದ. ಒಬ್ಬ ಹೆಗಲು ತಿಕ್ಕಿಕೊಂಡ. "ಸಿದಗಿ ಹಗ್ಗ ಸಡ್ಲ ಆಗೈತಿ ನೋಡ್ರಿ," ಎಂದು ಮರ್ದಾನಸಾಬ ತಾನೇ ಬಿಗಿದ ಗಂಟನ್ನು ಬಿಚ್ಚತೊಡಗಿದ. ಅಂದಾನಪ್ಪ ದಂಡೆಯ ಅಂಚಿಗೆ ಹೋದ. ಒಂದು ಕಾಲು ಕೆಳಗಿಟ್ಟ. ಅಲ್ಲೇ ನಿಂತ. ಸ್ವಲ್ಪ ಹೊತ್ತು ಏನನ್ನೋ ಕೇಳಿಸಿಕೊಳ್ಳುವವನಂತೆ ನಿಂತು, ಕಾಲನ್ನು ಹಿಂದಕ್ಕೆ ತೆಗೆದುಕೊಂಡ.

"ಹೊತ್ತು ಹೆಂಗೂ ಕೆಟ್ಟೈತಿ. ಈ ಕಡೇನ ಅವನ ಸ್ವಂತದ ತುಂಡು ಹೊಲ ಐತೆಲ್ಲ, ಅಲ್ಲೇ ಮಣ್ಣು ಮಾಡೂಣು," ಎಂದ, ಯಾರ ಮುಖವನ್ನೂ ನೋಡದೆ. ಆಮೇಲೆ ಎರಡೂ ಕೈ ಬಾಯಿಗೆ ಹಿಡಿದು ಆಚೆಯ ದಂಡೆಗೆ ಕೂಗಿದ. "ಹುಲಗಪ್ಪೋ! ಸಲಿಕಿ ತಗೊಂಡು ಈ ಕಡೆ ಬಾರೋ!"

ಹುಲಗಪ್ಪ ಕುಣಿ ತೋಡಿ ಮುಗಿಸಿ, ಇವರ ಗದ್ದಲವೇನೆಂದು ತಿಳಿಯದೆ ಆಚೆ ದಂಡೆಯಲ್ಲಿ ಕುಕ್ಕರಗಾಲಲ್ಲಿ ಕೂತಿದ್ದ. ಎದ್ದು, ಹೆಗಲಿಗೆ ಸಲಿಕೆ ಏರಿಸಿ, ಮರಳಿಗೆ ಇಳಿದ.

ಕರೆದವನು ಅಂದಾನಪ್ಪ. ಆದರೆ ಹೆಣ ಹಿಂದಕ್ಕೆ ತಿರುಗಿದ್ದರಿಂದಲೇ ಹುಲಗಪ್ಪ ಈಗ ಅಲ್ಲಿ ಬರುತ್ತಿದ್ದಾನೆ ಎಂದು ತಿಪ್ಪವ್ವನಿಗೆ ಹೊಳೆಯಿತು. ಅವಳು ಕೂತಲ್ಲೇ ಅಂಗೈಗಳನ್ನು ನೆಲಕ್ಕೆ ಊರಿದಳು. ಊರಿದ್ದು ಅವಳಿಗೆ ಗೊತ್ತಾಗಲಿಲ್ಲ.

ಈ ಸಲ ಅನುಮಾನವಿರಲಿಲ್ಲ.

"ಓಡೋ ಹುಲಗಪ್ಪಾ!"

ಅವಳ ಕೂಗಿಗೆ ಮರ್ದಾನಸಾಬ ಕೂಗಿದ. ಫಕೀರಪ್ಪ ಕೂಗಿದ. ಒಬ್ಬರ ಅಂಜಿಕೆ ಇನ್ನೊಬ್ಬರಿಗೆ ಹತ್ತಿ ದಂಡೆಗೆ ದಂಡೆಯೇ ಕೂಗತೊಡಗಿತು. ಅವನು ಬೇಗ ಬರಲೆಂದು ಹಲಗಿಯವರು ಜೋರಾಗಿ ಬಡಿದರು. ಹುಲಗಪ್ಪ ಬಂಡೆಯ ಹತ್ತಿರ ಬಂದಿದ್ದ. ಅವಸರ ಮಾಡುತ್ತಿದ್ದಾರೆ ಎಂದುಕೊಂಡು, ಬಂದೆ ಬಂದೆ ಎಂಬಂತೆ ಕೈ ಎತ್ತಿದ. ಎತ್ತಿ, ಕುಂಟಿದ. ಬಂಡೆಯ ಮೇಲೆ ಕೂತು ಅಂಗಾಲನ್ನು ತೊಡೆಯ ಮೇಲಿಟ್ಟುಕೊಂಡು ಮುಳ್ಳು ಹುಡುಕತೊಡಗಿದ.

ಹೆಚ್ಚು ಕೂಗಿದಷ್ಟೂ ಅವನು ನಕ್ಕ. ಒಂದು ಕೈಯನ್ನು ಕಿವಿಗೆ ಹಚ್ಚಿ, ಏನು ಎಂದು ಕೇಳಿದ.

ತಿಪ್ಪವ್ವ ಹಲಗಿಯವನ ಕೈಯಿಂದ ಕೋಲು ಕಸಿದು ಎಸೆದಳು. "ಬಡೀಬ್ಯಾಡ್ರಿ! ಬಾಯಿ ಮುಚ್ಚ್ರಿ ಎಲ್ಲಾರೂ! ಅವಗ ಕೇಳ್ಸಗೊಡ್ರಿ!" ಹುಚ್ಚವ್ವನ ಬಾಯಿಯನ್ನು ತನ್ನ ಕೈಯಿಂದಲೇ ಮುಚ್ಚಿದಳು. ಒಬ್ಬರ ಹಿಂದೆ ಒಬ್ಬರು ನಿಲ್ಲಿಸಿದರು. ಕಟ್ಟಕಡೆಗೆ ಅಂದಾನಪ್ಪ ನಿಲ್ಲಿಸಿದ. ದಂಡೆಯ ಮೇಲೆ ಉಸಿರಿನ ಸದ್ದೂ ಇಲ್ಲದಂತಾಯಿತು.

ಆಗ ಎಲ್ಲರಿಗೂ ಕೇಳಿಸಿತು. ಸಾಲಾಗಿ ಬರುವ ಗಾಡಿಗಳ ಸದ್ದು. ದಾರಿಯೇ ಇಲ್ಲದ ಕಡೆಯಿಂದ.

ಹುಲಗಪ್ಪನ ಬೆರಳು ಅಂಗಾಲಿನ ಮೇಲೆ ನಿಂತಿತು. ಅವನು ಮೇಲ್ದಿಕ್ಕಿಗೆ ತಲೆ ತಿರುಗಿಸಿದ. ಸಲಿಕೆಯನ್ನು ಬಿಟ್ಟು ಓಡಿದ. ದಂಡೆಗೆ ಇನ್ನೂ ಒಂದು ಆಳಿನಷ್ಟು ದೂರವಿರುವಾಗ ಮರ್ದಾನಸಾಬ ಟವೆಲಿನ ತುದಿ ಎಸೆದ. ಮರ್ದಾನಸಾಬನ ಸೊಂಟವನ್ನು ಫಕೀರಪ್ಪ ಹಿಡಿದುಕೊಂಡ. ಮೊದಲು ಬಂದದ್ದು ಗಾಳಿ, ಹಸಿಮಣ್ಣಿನ ವಾಸನೆಯ ತಣ್ಣನೆಯ ಗಾಳಿ. ಆಮೇಲೆ ಕಸ, ಮುರಿದ ಟೊಂಗೆ, ನೊರೆ, ಅದರ ಹಿಂದೆ ಕೆಂಪು ನೀರು. ಹುಲಗಪ್ಪನನ್ನು ಮೇಲೆ ಎಳೆದುಕೊಂಡಾಗ ಅವನ ಮೊಣಕಾಲಿನ ಕೆಳಗೆಲ್ಲ ಒದ್ದೆಯಾಗಿತ್ತು. ಅವನು ನೆಲಕ್ಕೆ ಬೋರಲು ಬಿದ್ದು ಎರಡೂ ಕೈಯಿಂದ ಜಾಲಿಯ ಬೇರನ್ನು ಹಿಡಿದುಕೊಂಡ. ಬಿಡಿಸಲು ಹೋದರೆ ಬಿಡಲಿಲ್ಲ.

ಹೆಣ ಇಳಿಸುವ ಬಂಡೆ ಕಾಣಲಿಲ್ಲ. ಆಚೆಯ ತಗ್ಗಿನ ದಂಡೆಯಲ್ಲಿ ಹುಲಗಪ್ಪ ತೋಡಿಟ್ಟಿದ್ದ ಕುಣಿಗೆ ನೀರು ನುಗ್ಗಿ ತುಂಬುವುದನ್ನು ಎಲ್ಲರೂ ನೋಡಿದರು.

ತಿಪ್ಪವ್ವನನ್ನು ಯಾರೂ ಹೊಗಳಲಿಲ್ಲ, ಹತ್ತಿರವೂ ಬರಲಿಲ್ಲ. ಹುಚ್ಚವ್ವ ಕಚ್ಚಿದ ಕೈಯನ್ನು ಸೆರಗಿನೊಳಗೆ ಸೇರಿಸಿಕೊಂಡಳು. ಬಹಳ ಹೊತ್ತಾದ ಮೇಲೆ ಅಂದಾನಪ್ಪ ಮೆಲ್ಲಗೆ, "ಹೊಲಕ್ಕ ನಡೀರಿ. ಇನ್ನೊಂದು ಸಲಿಕಿ ತರಸ್ತೀನಿ," ಎಂದ.

ಸಿದಿಗೆ ಎತ್ತಿದರು. ಹಲಗಿ ಬಡಿಯಲಿಲ್ಲ. ಹೊಲಕ್ಕೆ ಹೋಗುವ ಗಾಡಿ ದಾರಿಗೆ ಅಡ್ಡವಾಗಿ ಒಂದು ಬಸಿಗಾಲುವೆ ಇತ್ತು. ಆಡುಗಳು ನೋಡದೆ ದಾಟುವಂಥದ್ದು, ಅಂಗೈ ಮುಳುಗುವಷ್ಟು ನೀರು. ಫಕೀರಪ್ಪ ಅದರ ಅಂಚಿಗೆ ಬಂದು, ದಾಟಲು ಒಂದು ಕಾಲೆತ್ತಿ, ಹಾಗೇ ನಿಂತ. ಮರ್ದಾನಸಾಬನೂ ನಿಂತ. ಹಿಂದಿನ ಇಬ್ಬರೂ ನಿಂತರು. ಹೆಣ ಹೊತ್ತ ನಾಲ್ವರೂ ಕತ್ತು ಹೊರಳಿಸಿ, ಹಿಂದೆ ಬರುತ್ತಿದ್ದ ತಿಪ್ಪವ್ವನ ಮುಖ ನೋಡಿದರು. ಅಂದಾನಪ್ಪನೂ ನೋಡಿದ.

ಹಳ್ಳದ ಮೊರೆತ ಅವಳ ಕಿವಿ ತುಂಬಿಕೊಂಡಿತ್ತು. ಅದರಾಚೆ ಅವಳಿಗೆ ಏನೂ ಕೇಳಿಸುತ್ತಿರಲಿಲ್ಲ. ಕಾಲುವೆಯ ನೀರಿನಲ್ಲಿ ಜೋಳದ ಒಣ ಎಲೆಯ ರವದಿಯೊಂದು ನಿಧಾನವಾಗಿ ತೇಲುತ್ತ ಬಂದು, ಫಕೀರಪ್ಪನ ಪಾದದ ಕೆಳಗೆ ಹಾದು ಹೋಯಿತು. ಪಾದ ಇನ್ನೂ ಗಾಳಿಯಲ್ಲೇ ಇತ್ತು.